ಸುಲಿದದ್ದೋ, ತಾನೇ ಕಳಚಿದ್ದೋ? ‘ಎಕ್ಸ್‌ಫೋಲಿಯೇಷನ್’ ಎಂಬ ಪದದ ಸುತ್ತ

ಪ್ರಶ್ನೆ: ವಿಜ್ಞಾನದ ಬರಹಗಳನ್ನು ಕನ್ನಡಕ್ಕೆ ತರುವ ಕೆಲಸ ನನ್ನದು. ಈಚೆಗೆ ‘ಎಕ್ಸ್‌ಫೋಲಿಯೇಷನ್’ ಎಂಬ ಪದ ಮೂರು ಕಡೆ ಎದುರಾಯಿತು. ಒಂದು ಮುಖದ ಕ್ರೀಮಿನ ಬಗ್ಗೆ ಬರೆದ ಲೇಖನ, ಇನ್ನೊಂದು ಗ್ರಾನೈಟ್ ಬಂಡೆಗಳ ಪಾಠ, ಮತ್ತೊಂದು ಗ್ರಾಫೀನ್ ಕುರಿತ ಸುದ್ದಿ. ನಿಘಂಟಿನಲ್ಲಿ ‘ಪದರ ತೆಗೆಯುವುದು’ ಎಂದಿದೆ. ಮೂರು ಕಡೆಯೂ ಅದನ್ನೇ ಬರೆದರೆ ಸಾಕಲ್ವಾ?

ಉತ್ತರ: ಸಾಲದು. ‘ತೆಗೆಯುವುದು’ ಎಂದ ಕೂಡಲೇ ತೆಗೆಯುವವರು ಯಾರೋ ಇದ್ದಾರೆ ಎಂದಾಯಿತು. ಕ್ರೀಮಿನ ಲೇಖನದಲ್ಲಿ ಇದ್ದಾರೆ. ಗ್ರಾಫೀನ್ ಸುದ್ದಿಯಲ್ಲೂ ಇದ್ದಾರೆ. ಬಂಡೆಯ ಪಾಠದಲ್ಲಿ ಯಾರೂ ಇಲ್ಲ, ಅಲ್ಲಿ ಬಂಡೆ ತಾನೇ ಪದರ ಬಿಡುತ್ತದೆ. ಇಂಗ್ಲಿಷಿನಲ್ಲಿ ಎರಡಕ್ಕೂ ಒಂದೇ ಕ್ರಿಯಾಪದ ನಡೆಯುತ್ತದೆ. ಕನ್ನಡದಲ್ಲಿ ನಡೆಯುವುದಿಲ್ಲ. ನಾವು ಹಣ್ಣಿನ ಸಿಪ್ಪೆ ಸುಲಿಯುತ್ತೇವೆ, ಹಾವು ಪೊರೆ ಬಿಡುತ್ತದೆ, ಗೋಡೆಯ ಬಣ್ಣ ಹಕ್ಕಳೆ ಏಳುತ್ತದೆ. ಇವು ಮೂರು ಬೇರೆ ಬೇರೆ ಸಂಗತಿಗಳು ಎಂದು ನಮ್ಮ ಮಾತಿಗೇ ಗೊತ್ತು. ಆದ್ದರಿಂದ ಪದ ಹುಡುಕುವ ಮೊದಲು ಅಲ್ಲಿ ನಿಜವಾಗಿ ಏನು ನಡೆಯುತ್ತಿದೆ ಎಂದು ನೋಡಬೇಕು.

ನಾನು ಮೂರು ವಿಷಯ ಕೇಳಿಕೊಳ್ಳುತ್ತೇನೆ. ಪದರಗಳನ್ನು ಇಷ್ಟು ದಿನ ಹಿಡಿದಿಟ್ಟಿದ್ದು ಏನು? ಆ ಹಿಡಿತವನ್ನು ಬಿಡಿಸಿದ್ದು ಯಾವುದು? ಕೊನೆಗೆ ಬೇಕಾದದ್ದು ಕಳಚಿ ಬಂದ ಪದರವೋ, ಹಿಂದೆ ಉಳಿದದ್ದೋ? ಈ ಮೂರಕ್ಕೂ ಉತ್ತರ ಸಿಕ್ಕಿದರೆ ಸರಿಯಾದ ಕನ್ನಡ ಮಾತು ತಾನಾಗಿ ಬಾಯಿಗೆ ಬರುತ್ತದೆ.

ಪದದ ಮೂಲ ಲ್ಯಾಟಿನ್. ‘ಫೋಲಿಯಮ್’ ಎಂದರೆ ಎಲೆ. ಗಿಡದ ಎಲೆಗಳನ್ನು ಕಿತ್ತು ಬೋಳು ಮಾಡುವುದು ಇದರ ಹಳೆಯ ಅರ್ಥ. ಆಮೇಲೆ ಶಸ್ತ್ರವೈದ್ಯರು ಇದನ್ನು ಮೂಳೆಗೆ ಬಳಸಿದರು. ಗಾಯದಲ್ಲಿ ಸತ್ತ ಮೂಳೆಯ ತೆಳು ಚೂರು ಬದುಕಿರುವ ಮೂಳೆಯಿಂದ ಬಿಟ್ಟು ಬರುವುದಕ್ಕೆ ಈ ಹೆಸರಿತ್ತು. ಅಲ್ಲಿಂದ ಪದ ನಾಲ್ಕು ಕಡೆ ಹರಡಿತು. ಹೆಚ್ಚಿನ ಕಡೆ ಎಲೆಯ ಚಿತ್ರ ಮಾತ್ರ ಬಿಟ್ಟುಹೋಗಿಲ್ಲ. ಬರುವುದು ತೆಳ್ಳಗೆ ಬರಬೇಕು, ಹಾಳೆಯಂತೆ ಬರಬೇಕು. ಪುಡಿಯಾಗಿ ಬಂದರೆ, ಕರಗಿ ಹೋದರೆ, ಆವಿಯಾಗಿ ಹಾರಿದರೆ ಅದಕ್ಕೆ ಈ ಹೆಸರು ಒಪ್ಪುವುದಿಲ್ಲ.

ನನ್ನ ಕೆಲಸ ವಸ್ತುವಿಜ್ಞಾನದಲ್ಲಿ. ಹಾಗಾಗಿ ಗ್ರಾಫೀನಿನಿಂದಲೇ ಶುರು ಮಾಡುತ್ತೇನೆ.

ಪೆನ್ಸಿಲ್ಲಿನ ಕಪ್ಪು ಕಡ್ಡಿಯಲ್ಲಿ ಇರುವುದು ಗ್ರಾಫೈಟ್. ಅದು ಇಂಗಾಲದ ಹಾಳೆಗಳ ಕಟ್ಟು. ಒಂದೊಂದು ಹಾಳೆಯ ಒಳಗೆ ಪರಮಾಣುಗಳು ಬಲವಾಗಿ ಬೆಸೆದುಕೊಂಡಿವೆ, ಅವುಗಳ ನಡುವಿನ ದೂರ 0.142 ನ್ಯಾನೋಮೀಟರ್. ಒಂದು ಹಾಳೆಗೂ ಮುಂದಿನ ಹಾಳೆಗೂ ನಡುವೆ ಮಾತ್ರ 0.335 ನ್ಯಾನೋಮೀಟರ್, ಅಂದರೆ ಎರಡು ಪಟ್ಟಿಗೂ ಜಾಸ್ತಿ. ಅಲ್ಲಿರುವ ಹಿಡಿತ ಬಹಳ ಸಡಿಲ. ನಾವು ಕಾಗದದ ಮೇಲೆ ಗೀಟು ಎಳೆದಾಗ ಈ ಹಾಳೆಗಳೇ ಜಾರಿ ಕಾಗದಕ್ಕೆ ಅಂಟುತ್ತವೆ. ಬರೆಯುವ ಪ್ರತಿಯೊಂದು ಮಗುವೂ ಗ್ರಾಫೈಟಿನ ಪದರ ಬಿಡಿಸುತ್ತಲೇ ಇರುತ್ತದೆ.

ಇಂಥ ಒಂದೇ ಒಂದು ಹಾಳೆಗೆ ಗ್ರಾಫೀನ್ ಎಂದು ಹೆಸರು. ಅದನ್ನು ಬೇರ್ಪಡಿಸಿ ಹಿಡಿಯುವುದು ಮಾತ್ರ ಕಷ್ಟವಾಗಿತ್ತು. ಮ್ಯಾಂಚೆಸ್ಟರ್ ವಿಶ್ವವಿದ್ಯಾಲಯದ ಆಂದ್ರೆ ಗೈಮ್ ಮತ್ತು ಕಾನ್‌ಸ್ಟಾಂಟಿನ್ ನೊವೊಸೆಲೊವ್ ಅದನ್ನು ಮಾಡಿ 2004ರಲ್ಲಿ ಪ್ರಕಟಿಸಿದರು. ಬಳಸಿದ್ದು ಸಾಮಾನ್ಯ ಅಂಟುಪಟ್ಟಿ. ಪ್ರಯೋಗಾಲಯಗಳಲ್ಲಿ ಗ್ರಾಫೈಟಿನ ಮೇಲ್ಮೈಯನ್ನು ಶುಚಿ ಮಾಡಲು ಅಂಟುಪಟ್ಟಿ ಒತ್ತಿ ಕೀಳುವ ರೂಢಿ ಮೊದಲೇ ಇತ್ತು. ಶುಚಿಯಾದ ಗ್ರಾಫೈಟ್ ಇಟ್ಟುಕೊಂಡು ಪಟ್ಟಿಯನ್ನು ಕಸಕ್ಕೆ ಎಸೆಯುತ್ತಿದ್ದರು. ಇವರು ಆ ಪಟ್ಟಿಯ ಮೇಲೆ ಏನು ಉಳಿದಿದೆ ಎಂದು ನೋಡಿದರು. ನನಗೆ ಈ ಕಥೆಯಲ್ಲಿ ಬಹಳ ಹಿಡಿಸುವುದು ಇದೇ. ಕೆಲಸ ಬದಲಾಗಲಿಲ್ಲ, ಹೆಸರೂ ಬದಲಾಗಲಿಲ್ಲ. ಬೇಕಾದದ್ದು ಯಾವುದು ಎಂಬುದು ಮಾತ್ರ ತಿರುಗಿತು. ಅಲ್ಲಿಯವರೆಗೆ ಸಿಪ್ಪೆ ಕಸವಾಗಿತ್ತು, ಅಂದಿನಿಂದ ಸಿಪ್ಪೆಯೇ ಸಂಪತ್ತಾಯಿತು. 2010ರಲ್ಲಿ ಇಬ್ಬರಿಗೂ ಭೌತವಿಜ್ಞಾನದ ನೊಬೆಲ್ ಬಂತು.

ಒಂದು ಮಿಲಿಮೀಟರ್ ದಪ್ಪದ ಗ್ರಾಫೈಟಿನಲ್ಲಿ ಸುಮಾರು 30 ಲಕ್ಷ ಹಾಳೆಗಳಿರುತ್ತವೆ. ಪಟ್ಟಿಯನ್ನು ಮಡಿಸಿ ಬಿಡಿಸಿದಾಗಲೆಲ್ಲ ಕಟ್ಟು ಸರಿಯಾಗಿ ಎರಡು ಪಾಲಾಗುತ್ತದೆ ಎಂದುಕೊಳ್ಳಿ. ಆಗ 22 ಸಲ ಬಿಡಿಸಿದರೆ ಒಂದೇ ಹಾಳೆಗೆ ಬಂದು ನಿಲ್ಲುತ್ತೀರಿ. ನಿಜದಲ್ಲಿ ಅಷ್ಟು ಸಮವಾಗಿ ಸೀಳುವುದಿಲ್ಲ, ಚೂರುಚೂರಾಗಿ ಬರುತ್ತದೆ. ಆದರೂ ಮಡಿಸುವುದು, ಬಿಡಿಸುವುದು ಎಂಬ ಸರಳ ಕೆಲಸಕ್ಕೆ ಎಂಥ ಶಕ್ತಿ ಇದೆ ಎಂದು ಈ ಲೆಕ್ಕದಲ್ಲಿ ಕಾಣುತ್ತದೆ. ಸಿಕ್ಕಿದ ಚೂರುಗಳನ್ನು ತೆಳು ಆಕ್ಸೈಡ್ ಪದರವಿರುವ ಸಿಲಿಕಾನ್ ಬಿಲ್ಲೆಗೆ ಒತ್ತಿದರು. ಬೆಳಕಿನ ಆಟದಿಂದ ಒಂದೇ ಪರಮಾಣು ದಪ್ಪದ ಹಾಳೆಯೂ ಸಾಮಾನ್ಯ ಸೂಕ್ಷ್ಮದರ್ಶಕದಲ್ಲಿ ಮಸುಕು ಬಣ್ಣವಾಗಿ ಕಂಡಿತು.

ಅಂಟುಪಟ್ಟಿಯಿಂದ ಕಿಲೋಗಟ್ಟಲೆ ಮಾಡಲಾಗುವುದಿಲ್ಲ. ಅದಕ್ಕೆ ಬೇರೆ ದಾರಿಗಳಿವೆ. ತಕ್ಕ ದ್ರಾವಕದಲ್ಲಿ ಗ್ರಾಫೈಟ್ ಪುಡಿ ಹಾಕಿ ಕಿವಿಗೆ ಕೇಳದ ಶ್ರವಣಾತೀತ ತರಂಗಗಳಿಂದ ಅಲುಗಿಸಿದರೆ ಹಾಳೆಗಳು ಬಿಡುತ್ತವೆ. ದ್ರವದಲ್ಲಿ ಜೋರಾಗಿ ಕಡೆದರೂ ಬಿಡುತ್ತವೆ. 2014ರಲ್ಲಿ ಒಂದು ಸಂಶೋಧನಾ ತಂಡ ಅಡುಗೆಮನೆಯ ಮಿಕ್ಸಿಯಂಥ ಬ್ಲೆಂಡರಿನಲ್ಲೇ ಇದನ್ನು ಮಾಡಿ ತೋರಿಸಿತು. ಮೂರನೆಯ ದಾರಿ ಇನ್ನೂ ಚೆನ್ನಾಗಿದೆ: ಹಾಳೆಗಳ ನಡುವೆ ಏನನ್ನಾದರೂ ತೂರಿಸಿ, ಅದನ್ನು ಒಳಗೇ ಉಬ್ಬಿಸುವುದು. ಮಾಲಿಬ್ಡಿನಮ್ ಡೈಸಲ್ಫೈಡ್ ಎಂಬ ಪದರವಸ್ತುವಿನ ಒಳಗೆ ಲಿಥಿಯಮ್ ತೂರಿಸಿ ನೀರಿಗೆ ಹಾಕಿದರೆ, ಲಿಥಿಯಮ್ ನೀರಿನೊಂದಿಗೆ ಸೇರಿ ಹೈಡ್ರೋಜನ್ ಹೊರಬಿಡುತ್ತದೆ. ಆ ಅನಿಲವೇ ಹಾಳೆಗಳನ್ನು ತಳ್ಳಿ ಬಿಡಿಸುತ್ತದೆ. 1986ರಲ್ಲೇ ಹೀಗೆ ಒಂಟಿ ಹಾಳೆ ಪಡೆದಿದ್ದರು, ಅಂಟುಪಟ್ಟಿಯ ಪ್ರಯೋಗಕ್ಕಿಂತ 18 ವರ್ಷ ಮೊದಲು.

ಇದೇ ತತ್ವವನ್ನು ಬರಿಗಣ್ಣಿಗೆ ತೋರಿಸುವ ಖನಿಜವೊಂದಿದೆ, ವರ್ಮಿಕ್ಯುಲೈಟ್. ಕಾಗೆಬಂಗಾರದ ನಂಟಿನದು, ಹಾಗೇ ಹಾಳೆಹಾಳೆಯಾಗಿರುತ್ತದೆ. ಹಾಳೆಗಳ ನಡುವೆ ನೀರು ಕುಳಿತಿರುತ್ತದೆ. ಜೋರಾಗಿ, ಬೇಗನೆ ಕಾಯಿಸಿದರೆ ಆ ನೀರು ಉಗಿಯಾಗುತ್ತದೆ, ಹರಳು ಹತ್ತು ಪಟ್ಟಿಗೂ ಜಾಸ್ತಿ ಹಿಗ್ಗಿ ಹುಳುವಿನಂತೆ ಉದ್ದವಾಗುತ್ತದೆ. ಹೆಸರು ಬಂದದ್ದೂ ಲ್ಯಾಟಿನ್‌ನ ‘ಹುಳು’ ಎಂಬ ಮಾತಿನಿಂದಲೇ. ಕುಂಡದ ಮಣ್ಣಿಗೆ ಹಗುರವಾಗಲೆಂದು ಬೆರೆಸುವುದು ಈ ಹಿಗ್ಗಿದ ರೂಪವನ್ನು. ಗಮನಿಸಿ, ಇಲ್ಲಿ ಒಂದು ಪದರವೂ ತೆಗೆದುಹಾಕಿಲ್ಲ. ಎಲ್ಲ ಪದರಗಳೂ ಅಲ್ಲೇ ಇವೆ, ನಡುವಿನ ಅಂತರ ಮಾತ್ರ ಹೆಚ್ಚಾಗಿದೆ. ಆದರೂ ಕೈಗಾರಿಕೆಯವರು ಇದನ್ನು ‘ಎಕ್ಸ್‌ಫೋಲಿಯೇಟೆಡ್’ ಎನ್ನುತ್ತಾರೆ. ನಿಘಂಟಿನ ಅರ್ಥ ಇಲ್ಲಿ ಪೂರ್ತಿ ಕೈಕೊಡುತ್ತದೆ. ‘ಪದರ ಬಿಚ್ಚಿ ಹಿಗ್ಗಿದ’ ಎನ್ನಬೇಕು.

ಈಗ ಬಂಡೆಗೆ ಬರೋಣ.

ಗ್ರಾನೈಟ್ ಹುಟ್ಟುವುದು ನೆಲದಾಳದಲ್ಲಿ, ಕಿಲೋಮೀಟರುಗಟ್ಟಲೆ ಕೆಳಗೆ. ಅದರಲ್ಲಿ ಗ್ರಾಫೈಟಿನಂತೆ ಹುಟ್ಟಾ ಪದರಗಳಿಲ್ಲ, ಇಡೀ ಬಂಡೆ ಒಂದೇ ಮುದ್ದೆ. ಇದು ಮುಖ್ಯ ವಿಷಯ. ಉಳಿದ ಕಡೆ ಇದ್ದ ಪದರ ಬಿಡುತ್ತದೆ, ಗ್ರಾನೈಟಿನಲ್ಲಿ ಪದರ ಹೊಸದಾಗಿ ಹುಟ್ಟುತ್ತದೆ. ಮೇಲಿನ ಕಲ್ಲುಮಣ್ಣೆಲ್ಲ ಕೋಟ್ಯಂತರ ವರ್ಷಗಳಲ್ಲಿ ಸವೆದು ಹೋದ ಮೇಲೆ ಬಂಡೆ ಬಯಲಿಗೆ ಬರುತ್ತದೆ. ಆಗ ಮೇಲ್ಮೈಗೆ ಸಮಾನಾಂತರವಾಗಿ ಬಿರುಕುಗಳು ಮೂಡುತ್ತವೆ. ಮೇಲಿನ ಪದರಗಳು ತೆಳ್ಳಗೆ, ಕೆಳಗೆ ಹೋದಂತೆ ದಪ್ಪ. ಅಮೆರಿಕದ ಯೊಸೆಮಿಟಿಯ ಗುಮ್ಮಟದಂಥ ಬೆಟ್ಟಗಳಲ್ಲಿ ಇದು ಎದ್ದು ಕಾಣುತ್ತದೆ. ಈರುಳ್ಳಿಯನ್ನು ಅರ್ಧ ಕತ್ತರಿಸಿ ಬೋರಲು ಹಾಕಿದ ಹಾಗೆ.

ಏಕೆ ಹೀಗೆ? ಭೂವಿಜ್ಞಾನಿ ಗ್ರೋವ್ ಕಾರ್ಲ್ ಗಿಲ್ಬರ್ಟ್ 1904ರಲ್ಲಿ ಈ ಗುಮ್ಮಟಗಳ ಬಗ್ಗೆ ಬರೆದರು. ಮೇಲಿನ ಭಾರ ಇಳಿದಾಗ ಬಂಡೆ ಹಿಗ್ಗುತ್ತದೆ, ಹಿಗ್ಗಿ ಪದರವಾಗಿ ಸೀಳುತ್ತದೆ ಎಂಬ ವಿವರಣೆ ಅಂದಿನಿಂದ ಪಠ್ಯಪುಸ್ತಕಗಳಲ್ಲಿ ನಿಂತುಬಿಟ್ಟಿದೆ. ನಿಮ್ಮ ಪಾಠದಲ್ಲೂ ಇದೇ ಇರಬಹುದು. ಇದು ಪೂರ್ತಿ ಕಥೆಯಲ್ಲ. ಭಾರ ಇಳಿದ ಮಾತ್ರಕ್ಕೆ ಬಂಡೆಯನ್ನು ಮೇಲಕ್ಕೆ ಎಳೆಯುವ ಬಲ ಎಲ್ಲಿಂದ ಬಂತು? ಭೂವಿಜ್ಞಾನಿ ಸ್ಟೀಫನ್ ಮಾರ್ಟೆಲ್ 2011ರಲ್ಲಿ ಇದಕ್ಕೆ ಒಳ್ಳೆಯ ಉತ್ತರ ಕೊಟ್ಟರು. ಉಬ್ಬಿದ ಮೇಲ್ಮೈಯ ಉದ್ದಕ್ಕೂ ಎರಡೂ ಬದಿಯಿಂದ ಬಲವಾದ ಒತ್ತಡ ಇದ್ದರೆ, ಮೇಲ್ಮೈಯ ಕೆಳಗೆ ಹೊರಮುಖವಾಗಿ ಎಳೆತ ಹುಟ್ಟುತ್ತದೆ. ಒಂದು ಇಸ್ಪೀಟ್ ಎಲೆಯನ್ನು ಸ್ವಲ್ಪ ಬಗ್ಗಿಸಿ ಮೇಜಿನ ಮೇಲಿಟ್ಟು ಎರಡು ತುದಿಯಿಂದ ಒತ್ತಿ ನೋಡಿ. ನಡುಭಾಗ ಮೇಲೆ ಚಿಮ್ಮುತ್ತದೆ, ಅಲ್ವಾ? ಬೆಟ್ಟ ಉಬ್ಬಿರುವ ಕಡೆಯೇ ಪದರ ಏಳುವುದು ಯಾಕೆ ಎಂಬುದು ಇದರಿಂದ ತಿಳಿಯುತ್ತದೆ.

ಬಿಸಿಲಿನ ಪಾತ್ರವೂ ಇದೆ. ಯೊಸೆಮಿಟಿಯಲ್ಲಿ ಬ್ರಯನ್ ಕಾಲಿನ್ಸ್ ಮತ್ತು ಗ್ರೆಗ್ ಸ್ಟಾಕ್ ಎಂಬ ವಿಜ್ಞಾನಿಗಳು ಒಂದು ಬಂಡೆಪದರದ ಹಿಂದಿನ ಬಿರುಕಿಗೆ ಅಳತೆಯ ಉಪಕರಣ ಕೂರಿಸಿ ಮೂರು ವರ್ಷಕ್ಕೂ ಹೆಚ್ಚು ಕಾಲ ನೋಡಿದರು. ಪದರ 19 ಮೀಟರ್ ಎತ್ತರ, 10 ಸೆಂಟಿಮೀಟರ್ ದಪ್ಪ. ಹಗಲು ಬಿಸಿಯಾದಾಗ ಅದು ಬೆಟ್ಟದಿಂದ ಸುಮಾರು 1 ಸೆಂಟಿಮೀಟರಿನವರೆಗೂ ಹೊರಕ್ಕೆ ಬಾಗುತ್ತಿತ್ತು, ರಾತ್ರಿ ವಾಪಸ್ಸು ಕೂರುತ್ತಿತ್ತು. ದಿನವೂ ಹೀಗೇ, ಉಸಿರಾಡಿದ ಹಾಗೆ. ಬೇಸಗೆ ಬಂದಾಗ ಬಿರುಕು ಇನ್ನಷ್ಟು ತೆರೆದುಕೊಳ್ಳುತ್ತಿತ್ತು. ಕಲ್ಲು ಅಲುಗುವುದೇ ಇಲ್ಲ ಎಂದುಕೊಂಡಿರುವ ನಮಗೆ ಇದು ಎಷ್ಟು ದೊಡ್ಡ ಪಾಠ! 2014ರ ಆಗಸ್ಟಿನಲ್ಲಿ ಕ್ಯಾಲಿಫೋರ್ನಿಯಾದ ಟ್ವೈನ್ ಹಾರ್ಟ್ ಎಂಬಲ್ಲಿ ಇಂಥದೇ ಒಂದು ಬಂಡೆ ಜನರ ಕಣ್ಣೆದುರಿಗೇ ಸ್ಫೋಟದ ಸದ್ದಿನೊಂದಿಗೆ ಸೀಳಿತು. ಅದರ ವಿಡಿಯೊ ಇದೆ. ಅಲ್ಲಿಯೂ ಬಿಸಿಯೇ ಕೊನೆಯ ತಳ್ಳು ಕೊಟ್ಟಿತು ಎಂದು 2018ರಲ್ಲಿ ಪ್ರಕಟವಾದ ಅಧ್ಯಯನ ಹೇಳುತ್ತದೆ. ಆದ್ದರಿಂದ ಬಂಡೆಗೆ ‘ಪದರ ಬಿಡುವುದು’, ‘ಪದರವಾಗಿ ಸೀಳುವುದು’ ಎಂದೇ ಬರೆಯಿರಿ. ‘ಸುಲಿಯುವುದು’ ಅಲ್ಲಿ ಸಲ್ಲದು.

ಮರದ ತೊಗಟೆಯೂ ಹೀಗೇ, ಯಾರೂ ಸುಲಿಯಬೇಕಿಲ್ಲ. ನೀಲಗಿರಿ ಮರವನ್ನೋ ಸೀಬೆ ಮರವನ್ನೋ ನೆನಪಿಸಿಕೊಳ್ಳಿ. ಒಳಗೆ ಕಾಂಡ ದಪ್ಪವಾಗುತ್ತದೆ, ಸತ್ತ ಹೊರತೊಗಟೆಗೆ ಹಿಗ್ಗಲು ಬರುವುದಿಲ್ಲ, ಬಿರಿದು ಹಾಳೆಯಾಗಿ ಉದುರುತ್ತದೆ. ಹಾಲುಹಲ್ಲಿನ ವಿಷಯದಲ್ಲಿ ದಂತವೈದ್ಯರೂ ಇದೇ ಪದ ಬಳಸುತ್ತಾರೆ. ಅಲ್ಲಿ ಪದರವೇ ಇಲ್ಲ. ಕೆಳಗಿನ ಹಲ್ಲು ಬರುವಾಗ ಹಾಲುಹಲ್ಲಿನ ಬೇರನ್ನು ದೇಹವೇ ಕರಗಿಸುತ್ತದೆ, ಹಿಡಿತ ತಪ್ಪಿ ಹಲ್ಲು ಬೀಳುತ್ತದೆ. ಅದಕ್ಕೆ ‘ಹಲ್ಲು ಬೀಳುವುದು’ ಎಂದರೆ ಮುಗಿಯಿತು. ಸುಮ್ನೆ ಹೊಸ ಪದ ಕಟ್ಟಬೇಡಿ.

ಲೋಹದವರ ಬಾಯಲ್ಲಿ ಇದು ಕೆಟ್ಟ ಸುದ್ದಿ. ವಿಮಾನಗಳಿಗೆ ಬಳಸುವ ಗಟ್ಟಿ ಅಲ್ಯುಮಿನಿಯಮ್ ಮಿಶ್ರಲೋಹಗಳನ್ನು ಉರುಳೆಗಳ ನಡುವೆ ತಟ್ಟೆ ಮಾಡುವಾಗ ಒಳಗಿನ ಕಣಗಳು ಚಪ್ಪಟೆಯಾಗಿ ಉದ್ದಕ್ಕೆ ಮಲಗುತ್ತವೆ. ಕಣಗಳ ನಡುವಿನ ಗೆರೆಯಲ್ಲಿ ತುಕ್ಕಿನಂಥ ಸವೆತ ಶುರುವಾದರೆ, ಅಲ್ಲಿ ಹುಟ್ಟುವ ವಸ್ತು ಮೂಲ ಲೋಹಕ್ಕಿಂತ ಜಾಸ್ತಿ ಜಾಗ ಬೇಡುತ್ತದೆ. ಮೇಲಿನ ಪದರವನ್ನು ಎತ್ತಿಬಿಡುತ್ತದೆ. ನೀರಿನಲ್ಲಿ ನೆನೆದ ಪುಸ್ತಕದ ಅಂಚು ಉಬ್ಬಿದ ಹಾಗೆ ತಟ್ಟೆಯ ಅಂಚು ಉಬ್ಬುತ್ತದೆ. ಹೊರಗೆ ಒಂದು ಸಣ್ಣ ಬೊಕ್ಕೆ ಕಂಡರೆ ಒಳಗೆ ಎಷ್ಟೋ ಹಾಳಾಗಿರುತ್ತದೆ. ಇದನ್ನು ತಡೆಯಲೆಂದೇ ಈ ಲೋಹಗಳಿಗೆ ಬೇರೆ ಬಗೆಯ ಶಾಖೋಪಚಾರ ಮಾಡುತ್ತಾರೆ. ಸ್ವಲ್ಪ ಗಟ್ಟಿತನ ಬಿಟ್ಟುಕೊಟ್ಟು ಬಾಳಿಕೆ ಪಡೆಯುವ ವ್ಯಾಪಾರ ಅದು. ವಿದ್ಯುತ್ ಸ್ಥಾವರದ ಬಾಯ್ಲರ್ ಕೊಳವೆಗಳ ಒಳಗೆ ಕಟ್ಟಿದ ಆಕ್ಸೈಡ್ ಪದರವೂ ತಣ್ಣಗಾಗುವಾಗ ಹೀಗೆ ಏಳುತ್ತದೆ. ಚಕ್ಕೆಗಳು ಬಾಗಿನಲ್ಲಿ ಸೇರಿ ಕೊಳವೆ ಕಟ್ಟಿಕೊಳ್ಳುತ್ತದೆ. ಈ ಎರಡಕ್ಕೂ ‘ಚಕ್ಕೆ ಏಳುವುದು’ ಎಂಬ ಮಾತು ಹೇಳಿ ಮಾಡಿಸಿದ ಹಾಗಿದೆ. ಅದರಲ್ಲಿ ಕೆಡುಕಿನ ಛಾಯೆ ಮೊದಲೇ ಇದೆ.

ಇನ್ನು ಚರ್ಮ. ಓದುಗರಿಗೆ ನೇರವಾಗಿ ತಾಗುವುದು ಇದೇ, ಆದ್ದರಿಂದ ಪದದ ತಪ್ಪು ಇಲ್ಲಿ ದುಬಾರಿ.

ಚರ್ಮದ ಮೇಲ್ಪದರದಲ್ಲಿ ಸತ್ತ ಜೀವಕೋಶಗಳು ಹಂಚು ಹೊದಿಸಿದಂತೆ ಕುಳಿತಿರುತ್ತವೆ, ಹೆಚ್ಚಿನ ಕಡೆ 15ರಿಂದ 20 ಸಾಲು. ಅವನ್ನು ಒಂದಕ್ಕೊಂದು ಹಿಡಿದಿಟ್ಟಿರುವುದು ಪ್ರೋಟೀನಿನ ಸಣ್ಣ ಗುಂಡಿಗಳು, ಅಂಗಿಯ ಗುಂಡಿಗಳಿದ್ದಂತೆ. ಮೇಲೆ ಬರುತ್ತಾ ಬರುತ್ತಾ ಚರ್ಮದ ಕಿಣ್ವಗಳು ಆ ಗುಂಡಿಗಳನ್ನು ಕತ್ತರಿಸುತ್ತವೆ. ಕೋಶಗಳು ಒಂದೊಂದಾಗಿ, ನಮ್ಮ ಕಣ್ಣಿಗೇ ಕಾಣದಂತೆ ಉದುರುತ್ತವೆ. ಕೆಳಗೆ ಹುಟ್ಟಿದ ಕೋಶ ಮೇಲೆ ಬಂದು ಉದುರಲು ಸುಮಾರು ನಾಲ್ಕು ವಾರ ಬೇಕು, ವಯಸ್ಸಾದಂತೆ ಇನ್ನೂ ನಿಧಾನ. ಇದು ದಿನವೂ ತಾನಾಗಿ ನಡೆಯುವ ಕೆಲಸ. ವೈದ್ಯರು ಇದಕ್ಕೆ ಇಟ್ಟಿರುವ ಹೆಸರೇ ಬೇರೆ, ‘ಡೆಸ್ಕ್ವಮೇಷನ್’. ಕನ್ನಡದಲ್ಲಿ ‘ಉದುರುವುದು’.

ಈ ಕಿಣ್ವಗಳು ಕೆಲಸ ಮಾಡಲು ನೀರು ಬೇಕು. ಚರ್ಮ ಒಣಗಿದರೆ ಗುಂಡಿಗಳು ಕತ್ತರಿಸಿಹೋಗುವುದಿಲ್ಲ, ಕೋಶಗಳು ಗುಂಪಾಗಿ ಅಂಟಿಕೊಂಡೇ ಎದ್ದು ಬರುತ್ತವೆ. ನಮಗೆ ಕಾಣುವ ಬಿಳಿ ಹೊಟ್ಟು ಅದೇ. ಜನ ಇದನ್ನು ನೋಡಿ ‘ಸತ್ತ ಚರ್ಮ ಜಾಸ್ತಿಯಾಗಿದೆ, ಉಜ್ಜಿ ತೆಗೆಯೋಣ’ ಎಂದುಕೊಳ್ಳುತ್ತಾರೆ. ಎಷ್ಟೋ ಸಲ ಬೇಕಾಗಿರುವುದು ಉಜ್ಜುವುದಲ್ಲ, ತೇವ.

ಕ್ರೀಮಿನ ಲೇಖನದಲ್ಲಿ ಹೇಳುವ ಎಕ್ಸ್‌ಫೋಲಿಯೇಷನ್ ನಾವು ಬೇಕೆಂದು ಮಾಡುವುದು. ಅದರಲ್ಲಿ ಎರಡು ಬಗೆ. ಒರಟು ಕಣಗಳಿಂದ ಉಜ್ಜುವುದು ಒಂದು. ಹಿಂದೆ ಇದಕ್ಕೆ ಪ್ಲಾಸ್ಟಿಕ್ಕಿನ ಸಣ್ಣ ಮಣಿಗಳನ್ನು ಹಾಕುತ್ತಿದ್ದರು, ಅವು ನೀರಿಗೆ ಸೇರಿ ಉಳಿದುಬಿಡುತ್ತವೆ ಎಂದು ಅಮೆರಿಕ 2015ರಲ್ಲಿ ಕಾನೂನು ಮಾಡಿ ನಿಲ್ಲಿಸಿತು. ಇನ್ನೊಂದು ಆಮ್ಲಗಳಿಂದ ಹಿಡಿತ ಸಡಿಲಿಸುವುದು. ಗ್ಲೈಕಾಲಿಕ್, ಲ್ಯಾಕ್ಟಿಕ್ ಆಮ್ಲಗಳು ನೀರಿನಲ್ಲಿ ಕರಗುತ್ತವೆ. ಸ್ಯಾಲಿಸಿಲಿಕ್ ಆಮ್ಲ ಎಣ್ಣೆಯಲ್ಲಿ ಕರಗುವುದರಿಂದ ಜಿಡ್ಡಿನ ರಂಧ್ರದೊಳಕ್ಕೂ ಇಳಿಯುತ್ತದೆ. ‘ಸುಲಿಯುವುದು’ ಎಂದು ಬರೆದರೆ ಓದಿದವರಿಗೆ ಚರ್ಮ ಕಿತ್ತ ಚಿತ್ರ ಬರುತ್ತದೆ. ‘ಸತ್ತ ಕೋಶಗಳನ್ನು ತೆಗೆಯುವುದು’ ಎನ್ನಿ. ಅದರ ಜೊತೆಗೆ ಒಂದು ಸಾಲು ಖಂಡಿತ ಇರಲಿ: ಗ್ಲೈಕಾಲಿಕ್‌ನಂಥ ಆಮ್ಲ ಹಚ್ಚಿದ ಚರ್ಮಕ್ಕೆ ಬಿಸಿಲು ಹೆಚ್ಚು ತಾಗುತ್ತದೆ, ಸನ್‌ಸ್ಕ್ರೀನ್ ಬೇಕು. ಉರಿ, ಕೆಂಪು ಕಂಡರೆ ನಿಲ್ಲಿಸಬೇಕು.

ಇದೇ ಪದ ಚರ್ಮದ ಆಸ್ಪತ್ರೆಯಲ್ಲಿ ಪೂರ್ತಿ ಬೇರೆ ಅರ್ಥ ಕೊಡುತ್ತದೆ. ‘ಎಕ್ಸ್‌ಫೋಲಿಯೇಟಿವ್ ಡರ್ಮಟೈಟಿಸ್’ ಎಂದರೆ ಮೈಯ 90 ಪ್ರತಿಶತಕ್ಕೂ ಹೆಚ್ಚು ಚರ್ಮ ಕೆಂಪಾಗಿ ಹೊಟ್ಟು ಉದುರುವ ಸ್ಥಿತಿ. ದೇಹ ನೀರನ್ನೂ ಶಾಖವನ್ನೂ ಕಳೆದುಕೊಳ್ಳುತ್ತದೆ. ಅದು ತುರ್ತು ಪರಿಸ್ಥಿತಿ. ಎಳೆ ಮಕ್ಕಳಲ್ಲಿ ಸ್ಟ್ಯಾಫಿಲೊಕಾಕಸ್ ಎಂಬ ಬ್ಯಾಕ್ಟೀರಿಯಾ ಒಂದು ವಿಷ ಬಿಡುತ್ತದೆ. ಅದು ಆ ಪ್ರೋಟೀನ್ ಗುಂಡಿಗಳಲ್ಲಿ ಒಂದನ್ನೇ ಹುಡುಕಿ ಕತ್ತರಿಸುತ್ತದೆ, ಬಿಸಿನೀರು ಬಿದ್ದಂತೆ ಚರ್ಮ ಹಾಳೆಯಾಗಿ ಬಿಡುತ್ತದೆ. ಕ್ರೀಮಿನ ಲೇಖನಕ್ಕೆ ಬಳಸಿದ ಮಾತನ್ನೇ ಇಲ್ಲಿಗೂ ಬಳಸಿದರೆ ತಾಯಿಯೊಬ್ಬಳು ಇದು ಸಣ್ಣ ವಿಷಯ ಎಂದುಕೊಳ್ಳಬಹುದು. ಅದಕ್ಕೇ ಇಷ್ಟು ಒತ್ತಿ ಹೇಳುತ್ತಿದ್ದೇನೆ.

ಉದುರಿದ್ದೇ ಮುಖ್ಯವಾಗುವ ಜಾಗವೂ ವೈದ್ಯಕೀಯದಲ್ಲಿದೆ. ಜಾರ್ಜ್ ಪಾಪನಿಕೊಲೌ ಎಂಬ ವೈದ್ಯರು ಗರ್ಭಕೊರಳಿನಿಂದ ಉದುರುವ ಜೀವಕೋಶಗಳನ್ನು ಸೂಕ್ಷ್ಮದರ್ಶಕದಲ್ಲಿ ನೋಡಿ ಕ್ಯಾನ್ಸರ್ ಗುರುತಿಸುವ ದಾರಿ ತೋರಿಸಿದರು. ಪ್ಯಾಪ್ ಪರೀಕ್ಷೆ ಬಂದದ್ದು ಅವರ ಹೆಸರಿನಿಂದ. ಆ ಶಾಖೆಯ ಹೆಸರು ‘ಎಕ್ಸ್‌ಫೋಲಿಯೇಟಿವ್ ಸೈಟಾಲಜಿ’, ಅಂದರೆ ಉದುರಿದ ಕೋಶಗಳ ಪರೀಕ್ಷೆ. ಇನ್ನೊಂದು ಸಂಗತಿ ಕೇಳಿದರೆ ನಿಮಗೂ ಖುಷಿಯಾದೀತು. ಚರ್ಮದ ಸಂಶೋಧಕರು 1950ರ ದಶಕದಿಂದಲೂ ಅಂಟುಪಟ್ಟಿ ಒತ್ತಿ ಕಿತ್ತು, ಮೇಲ್ಪದರವನ್ನು ಸಾಲುಸಾಲಾಗಿ ತೆಗೆದು ನೋಡುತ್ತಿದ್ದಾರೆ. ಗ್ರಾಫೀನಿಗೂ ಚರ್ಮಕ್ಕೂ ಉಪಾಯ ಒಂದೇ!

ಹಾಗಾದರೆ ನಿಮ್ಮ ಮೂರು ಬರಹಗಳಿಗೆ? ಗ್ರಾಫೀನಿಗೆ ‘ಪದರ ಬಿಡಿಸುವುದು’. ಬಂಡೆಗೆ ‘ಪದರ ಬಿಡುವುದು’. ಒಂದೇ ಒಂದು ‘ಸು’ ಇಡೀ ವ್ಯತ್ಯಾಸವನ್ನು ಹೊರುತ್ತದೆ, ನೋಡಿ. ಕ್ರೀಮಿಗೆ ‘ಸತ್ತ ಕೋಶಗಳನ್ನು ತೆಗೆಯುವುದು’. ಮೊದಲ ಸಲ ಬರುವಾಗ ‘ಎಕ್ಸ್‌ಫೋಲಿಯೇಷನ್’ ಎಂಬ ಪದವನ್ನೂ ಜೊತೆಗಿಡಿ, ಮುಂದೆ ಹುಡುಕಿ ಓದುವವರಿಗೆ ಅನುಕೂಲ.

ಒಂದು ಕಡೆ ಮಾತ್ರ ಅನುವಾದ ಮಾಡಲೇಬೇಡಿ. ಕಣ್ಣಿನ ವೈದ್ಯರ ವರದಿಯಲ್ಲಿ ‘ಸ್ಯೂಡೋ ಎಕ್ಸ್‌ಫೋಲಿಯೇಷನ್’ ಎಂದು ಬರುತ್ತದೆ. ಹಿಂದೆ ಗಾಜು ಊದುವ ಕೆಲಸಗಾರರಲ್ಲಿ ಕುಲುಮೆಯ ಶಾಖದಿಂದ ಕಣ್ಣಿನ ಮಸೂರದ ಹೊದಿಕೆ ನಿಜವಾಗಿಯೇ ಸುರುಳಿ ಬಿಡುತ್ತಿತ್ತು, ಅದು ನಿಜವಾದ ಎಕ್ಸ್‌ಫೋಲಿಯೇಷನ್. ಇದು ಹಾಗಲ್ಲ. ಮಸೂರ ಪದರ ಬಿಡುವುದಿಲ್ಲ, ಬಿಳಿ ಪುಡಿಯಂಥ ವಸ್ತು ಬಂದು ಅದರ ಮೇಲೆ ಕೂರುತ್ತದೆ. ನೋಡಲು ಹಕ್ಕಳೆ ಎದ್ದಂತೆ ಕಾಣುವುದರಿಂದ ಈ ಹೆಸರು. ಈ ತೊಂದರೆ ಇದ್ದವರಿಗೆ ದೃಷ್ಟಿ ಕುಂದಿಸುವ ಗ್ಲಾಕೋಮಾ ಬರುವ ಸಾಧ್ಯತೆ ಹೆಚ್ಚು, ಕಣ್ಣಿನ ಪೊರೆಯ ಶಸ್ತ್ರಚಿಕಿತ್ಸೆಯೂ ಅವರಲ್ಲಿ ಕಷ್ಟವಾಗುತ್ತದೆ. ‘ಹುಸಿ ಪದರ ಕಳಚಿಕೆ’ ಎಂದು ಬರೆದರೆ ಹುಸಿ ಎಂಬ ಮಾತು ನೋಡಿ ಕಾಯಿಲೆಯೇ ಇಲ್ಲ ಎಂದುಕೊಂಡಾರು. ವರದಿಯಲ್ಲಿದ್ದ ಹೆಸರನ್ನು ಹಾಗೇ ಉಳಿಸಿ, ಕೆಳಗೆ ಎರಡು ಸಾಲಿನಲ್ಲಿ ವಿವರಿಸಿ. ಮುಂದಿನ ಸಲ ಬೇರೆ ವೈದ್ಯರ ಹತ್ತಿರ ಹೋದಾಗ ರೋಗಿಗಳು ಹೇಳಬೇಕಾದದ್ದು ಆ ಹೆಸರನ್ನೇ.